ಗೆದ್ದ ಮೇಲೆ ಶುರುವಾಗುವ ವ್ಯಾಜ್ಯ

ಕೋರ್ಟು ಮೆಟ್ಟಿಲು ಹತ್ತಿ ಇಳಿದವರ ಬಾಯಲ್ಲಿ ಒಂದು ಮಾತು ಓಡಾಡುತ್ತಿರುತ್ತದೆ: ಗೆದ್ದವನು ಸೋತ, ಸೋತವನು ಸತ್ತ. ಎದುರಾಳಿ ಸರ್ಕಾರವೇ ಆಗಿದ್ದರೆ ಈ ಮಾತಿನ ಮೊದಲರ್ಧ ಇನ್ನಷ್ಟು ನಿಜ. ಬೆಳಗಾವಿ ಜಿಲ್ಲೆಯ ಚಚಡಿಯ ರೈತನೊಬ್ಬನ ಹೊಲದ ಒಂದು ಪಟ್ಟಿ ಕಾಲುವೆಗೋ ರಸ್ತೆಗೋ ಹೋಯಿತು ಎಂದುಕೊಳ್ಳಿ. ಭೂಸ್ವಾಧೀನದ ಕಡತ ಬೈಲಹೊಂಗಲದ ಉಪವಿಭಾಗಾಧಿಕಾರಿ ಕಚೇರಿಯಲ್ಲಿರುತ್ತದೆ. ಸವದತ್ತಿ, ರಾಮದುರ್ಗ, ಕಿತ್ತೂರು ಎಲ್ಲವೂ ಅದೇ ಉಪವಿಭಾಗಕ್ಕೆ ಸೇರಿದವು. ಪರಿಹಾರ ಸಾಲದು ಎಂದರೆ ಸಿವಿಲ್ ಕೋರ್ಟು, ಅದರ ಮೇಲೆ ಧಾರವಾಡದ ಹೈಕೋರ್ಟ್ ಪೀಠ. 2008ರಲ್ಲಿ ಧಾರವಾಡಕ್ಕೆ ಸಂಚಾರಿ ಪೀಠ ಬರುವವರೆಗೆ ಅದಕ್ಕೂ ಬೆಂಗಳೂರಿನ ಬಸ್ಸನ್ನೇ ಹತ್ತಬೇಕಿತ್ತು. ವರ್ಷಗಟ್ಟಲೆ ಅಲೆದ ಮೇಲೆ ಪರಿಹಾರ ಹೆಚ್ಚಿಸಿದ ತೀರ್ಪು ಕೈಗೆ ಬರುತ್ತದೆ. ಹಣ ಬರುವುದಿಲ್ಲ.

ಆಗ ಅಮಲ್ಜಾರಿ ಅರ್ಜಿ ಹಾಕಬೇಕು. ಸರ್ಕಾರದ ವಿರುದ್ಧದ ಡಿಕ್ರಿಯನ್ನು ಮೂರು ತಿಂಗಳು ಕಾಯದೆ ಜಾರಿಗೊಳಿಸುವಂತಿಲ್ಲ ಎಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ 82ನೇ ಕಲಮೇ ಹೇಳುತ್ತದೆ. ಮೂರು ತಿಂಗಳು ಮೂರು ವರ್ಷವಾದ ಮೇಲೆ ಒಂದು ದಿನ ಕೋರ್ಟಿನ ಸಿಬ್ಬಂದಿ ಜಪ್ತಿ ವಾರಂಟ್ ಹಿಡಿದು ಕಚೇರಿಗೆ ಬರುತ್ತಾರೆ. ಕುರ್ಚಿ, ಕಂಪ್ಯೂಟರ್, ಅಲ್ಮೆರಾ ಅಂಗಳಕ್ಕೆ ಬರುತ್ತವೆ. ಮಾರನೇ ದಿನ ಪತ್ರಿಕೆಯಲ್ಲಿ ಚಿತ್ರ. ಉತ್ತರ ಕರ್ನಾಟಕದ ಜಿಲ್ಲಾ ಪುಟಗಳನ್ನು ಓದುವವರಿಗೆ ಇದು ಹೊಸ ಸುದ್ದಿಯೇ ಅಲ್ಲ. 2025ರಲ್ಲಿ ಬೆಳಗಾವಿಯ ಜಿಲ್ಲಾಧಿಕಾರಿಯವರ ಕಾರೇ ಹೀಗೆ ಜಪ್ತಿಯಾಯಿತು. ದೂಧಗಂಗಾ ನದಿಗೆ 1990ರ ದಶಕದಲ್ಲಿ ಬಾಂದಾರ ಕಟ್ಟಿದ ಗುತ್ತಿಗೆದಾರರಿಗೆ ಸಣ್ಣ ನೀರಾವರಿ ಇಲಾಖೆಯಿಂದ ಬರಬೇಕಿದ್ದ ಬಾಕಿಯ ವಿಚಾರ ಅದು. ಮೂರು ದಶಕ ಹಿಂದಿನ ಬಿಲ್ಲಿಗೂ ಇಂದಿನ ಜಿಲ್ಲಾಧಿಕಾರಿಗೂ ಏನು ಸಂಬಂಧ ಎಂದು ಕೇಳಬಹುದು. ಆದರೆ ಸರ್ಕಾರ ಎಂಬುದು ಯಾರೋ ಒಬ್ಬರ ರೂಪದಲ್ಲಿ ಕಣ್ಣಿಗೆ ಕಾಣಲೇಬೇಕಲ್ಲ.

ಸ್ವಾಧೀನ 1894ರ ಹಳೆಯ ಕಾಯ್ದೆಯಡಿ ನಡೆದಿದ್ದರೆ ಕೋರ್ಟು ಹೆಚ್ಚಿಸಿದ ಮೊತ್ತಕ್ಕೆ ಮೊದಲ ವರ್ಷ ಶೇ 9, ಆಮೇಲೆ ಶೇ 15 ಬಡ್ಡಿ ಬೀಳುತ್ತದೆ. ಯಾವ ಬ್ಯಾಂಕೂ ಠೇವಣಿಗೆ ಇಂದು ಅಷ್ಟು ಕೊಡುವುದಿಲ್ಲ. ಕಡತವನ್ನು ಒಂದು ಮೇಜಿನಿಂದ ಇನ್ನೊಂದಕ್ಕೆ ಕಳಿಸದೆ ಇಟ್ಟುಕೊಂಡ ಪ್ರತಿ ತಿಂಗಳಿಗೂ ಬೊಕ್ಕಸ ತೆರುವ ದರ ಇದು.

ಜಪ್ತಿ ಹಣದ ಡಿಕ್ರಿಗೆ. ಹುದ್ದೆ ಕೊಡು, ಜಾಗ ಬಿಡು, ಚುನಾವಣೆ ನಡೆಸು, ಕಟ್ಟಡ ಕೆಡವಬೇಡ ಎಂಬಂಥ ಆದೇಶ ಪಾಲನೆಯಾಗದಿದ್ದರೆ ಉಳಿಯುವ ದಾರಿ ನ್ಯಾಯಾಂಗ ನಿಂದನೆ. ಹೈಕೋರ್ಟಿನ ವಕೀಲರ ಮಾತಿನಲ್ಲಿ ಅದು 'ಸಿಸಿಸಿ ಹಾಕುವುದು'. ಸಂವಿಧಾನದ 129 ಮತ್ತು 215ನೇ ವಿಧಿಗಳು ಸುಪ್ರೀಂ ಕೋರ್ಟಿಗೂ ಹೈಕೋರ್ಟುಗಳಿಗೂ ಕೊಟ್ಟ ಅಧಿಕಾರವನ್ನು 1971ರ ಕಾಯ್ದೆ ಎರಡು ಕವಲಾಗಿ ಒಡೆಯಿತು. ನ್ಯಾಯಾಧೀಶರ ಬಗ್ಗೆ ಆಡಿದ ಮಾತು, ಬರೆದ ಲೇಖನ, ಮಾಡಿದ ಟ್ವೀಟು ಇವೆಲ್ಲ ಕ್ರಿಮಿನಲ್ ನಿಂದನೆಯ ಕವಲು. ಪತ್ರಿಕೆಗಳಲ್ಲಿ ಗದ್ದಲವೆಲ್ಲ ಅದರದ್ದೇ. ಆದೇಶವನ್ನು ಬೇಕೆಂದೇ ಪಾಲಿಸದಿರುವುದು ಸಿವಿಲ್ ನಿಂದನೆ. ಗದ್ದಲವಿಲ್ಲದ ಈ ಎರಡನೆಯ ಕವಲಿನಲ್ಲೇ ಸಾಮಾನ್ಯರ ಬದುಕು ಸಿಕ್ಕಿಕೊಂಡಿರುತ್ತದೆ. ಎರಡಕ್ಕೂ ಶಿಕ್ಷೆ ಒಂದೇ: ಗರಿಷ್ಠ ಆರು ತಿಂಗಳ ಸಾದಾ ಸಜೆ, ಇಲ್ಲವೇ 2,000 ರೂಪಾಯಿ ದಂಡ, ಇಲ್ಲವೇ ಎರಡೂ. ಮನಃಪೂರ್ವಕ ಕ್ಷಮೆ ಕೇಳಿದರೆ ಅದೂ ತಪ್ಪಬಹುದು. ಈ 2,000ದ ಅಂಕಿ 1926ರ ಬ್ರಿಟಿಷ್ ಕಾಲದ ಕಾಯ್ದೆಯಲ್ಲೇ ಇತ್ತು. ಅಂದು ಆ ಹಣಕ್ಕೆ ಎಕರೆಗಟ್ಟಲೆ ಎರೆಹೊಲ ಬರುತ್ತಿತ್ತು; ಇಂದು ಬೈಲಹೊಂಗಲದಿಂದ ಬೆಂಗಳೂರಿಗೆ ಎರಡು ಸಲ ಹೋಗಿ ಬರಲೂ ಸಾಲದು.

ಸರ್ಕಾರಗಳು ಕೋರ್ಟಿನ ಮಾತು ಕೇಳುವುದಿಲ್ಲ ಎಂದರೆ ತಕ್ಷಣ ನೆನಪಾಗುವುದು ಕಾವೇರಿ. ಅದು ನೆನಪಾಗುವುದು ಸಹಜ, ಆದರೆ ಅದು ಅಪವಾದ. ರೂಢಿ ಬೇರೆಯೇ ಇದೆ. ಸರ್ಕಾರ ಬಹುಪಾಲು ಸಂದರ್ಭಗಳಲ್ಲಿ 'ಆಗುವುದಿಲ್ಲ' ಎನ್ನುವುದೇ ಇಲ್ಲ. 'ಪರಿಶೀಲನೆಯಲ್ಲಿದೆ' ಎನ್ನುತ್ತದೆ.

ಇದಕ್ಕೆ ಸ್ಮಶಾನದ ಪ್ರಕರಣಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಹೆಣ ಹೂಳಲು ಜಾಗವಿಲ್ಲದ ಹಳ್ಳಿಗಳು ರಾಜ್ಯದಲ್ಲಿ ನೂರಾರಿದ್ದವು. ಉಳ್ಳವರು ತಮ್ಮ ಹೊಲದ ಬದುವಿನಲ್ಲಿ ಮಣ್ಣು ಮಾಡುತ್ತಾರೆ. ಉತಾರದಲ್ಲಿ ಒಂದು ಗುಂಟೆಯೂ ಇಲ್ಲದವರು ಹಳ್ಳದ ದಂಡೆ, ರಸ್ತೆ ಬದಿ ಹುಡುಕುತ್ತಾರೆ. ಬೆಂಗಳೂರಿನ ನಿವಾಸಿಯೊಬ್ಬರು ಹೈಕೋರ್ಟಿಗೆ ಹೋದರು. ಜಾಗವಿಲ್ಲದ ಎಲ್ಲ ಹಳ್ಳಿಗಳಿಗೂ ಆರು ವಾರದಲ್ಲಿ ಸ್ಮಶಾನ ಭೂಮಿ ಒದಗಿಸಿ ಎಂದು 2019ರಲ್ಲಿ ಆದೇಶವಾಯಿತು. ಆರು ವಾರ ಕಳೆಯಿತು, ವರ್ಷವೂ ಕಳೆಯಿತು. ಅರ್ಜಿದಾರರು ನಿಂದನಾ ಅರ್ಜಿ ಹಾಕಿದರು. ನ್ಯಾಯಮೂರ್ತಿ ಬಿ. ವೀರಪ್ಪ ನೇತೃತ್ವದ ಪೀಠ ವಿಚಾರಣೆ ಮೇಲೆ ವಿಚಾರಣೆ ನಡೆಸಿತು, ಹೆಣಗಳನ್ನು ಬೀದಿಯಲ್ಲಿಡಬೇಕೇ ಎಂಬರ್ಥದ ಮಾತುಗಳನ್ನೂ ಆಡಿತು, ಕಂದಾಯ ಇಲಾಖೆಯ ಪ್ರಧಾನ ಕಾರ್ಯದರ್ಶಿಯನ್ನು ಕಟಕಟೆಗೆ ಕರೆಸುವ ಎಚ್ಚರಿಕೆ ಕೊಟ್ಟಿತು. ಆಮೇಲೆ ಅಂಕಿಗಳು ಹೊರಬಂದವು. ರಾಜ್ಯದ 29,616 ಹಳ್ಳಿಗಳಲ್ಲಿ 27,903ಕ್ಕೆ ಸ್ಮಶಾನವಿದೆ, 319 ಕಡೆ ಒತ್ತುವರಿಯಾಗಿದೆ, 1,394 ಹಳ್ಳಿಗಳಿಗೆ ಇನ್ನೂ ಒದಗಿಸಬೇಕು ಎಂದು ಸರ್ಕಾರ ಹೇಳಿತು.

ಇಲ್ಲಿ ಗಮನಿಸಬೇಕಾದ್ದು ಯಾರೂ ಆದೇಶವನ್ನು ಧಿಕ್ಕರಿಸಲಿಲ್ಲ ಎಂಬುದು. ಮೇಲ್ಮನವಿಯಿಲ್ಲ, ಪ್ರತಿಭಟನೆಯಿಲ್ಲ, ಸದನದ ನಿರ್ಣಯವಿಲ್ಲ. ಸ್ಮಶಾನ ಬೇಡ ಎನ್ನುವ ರಾಜಕಾರಣಿ ಯಾವ ಪಕ್ಷದಲ್ಲೂ ಇಲ್ಲ. ಆದೇಶ ವಿಧಾನಸೌಧದಿಂದ ಜಿಲ್ಲಾಧಿಕಾರಿಗೆ, ಅಲ್ಲಿಂದ ತಹಶೀಲ್ದಾರರಿಗೆ, ಅಲ್ಲಿಂದ ಗ್ರಾಮ ಲೆಕ್ಕಿಗರಿಗೆ ಇಳಿಯಿತು. ವರದಿ ಅದೇ ದಾರಿಯಲ್ಲಿ ಹತ್ತಬೇಕಿತ್ತು, ಹತ್ತಲಿಲ್ಲ. ಎಷ್ಟು ಹಳ್ಳಿಗಳಿಗೆ ಜಾಗವಿಲ್ಲ ಎಂಬ ಪಟ್ಟಿಯಾದರೂ ಗಟ್ಟಿಯಾಗಿ ಕೋರ್ಟಿನ ಮುಂದೆ ಬಂದದ್ದು ಅಧಿಕಾರಿಯೊಬ್ಬರ ಹೆಸರು ಹಿಡಿದು ಕೇಳಿದ ಮೇಲೆಯೇ. ಇನ್ನೊಂದು ಮಾತನ್ನೂ ಹೇಳಬೇಕು. ಸರ್ಕಾರಿ ಜಾಗವೇ ಇಲ್ಲದ ಊರಲ್ಲಿ ಖಾಸಗಿ ಜಮೀನು ಕೊಳ್ಳಬೇಕು, ಸ್ಮಶಾನಕ್ಕೆಂದು ಮಾರಲು ಯಾರೂ ಮುಂದೆ ಬರುವುದಿಲ್ಲ, ಪಕ್ಕದ ಹೊಲದವರು ತಕರಾರು ತೆಗೆಯುತ್ತಾರೆ. ಇದನ್ನೆಲ್ಲ ಆರು ವಾರದಲ್ಲಿ ಮುಗಿಸಿ ಎಂದ ಆದೇಶ ಬರೆದ ದಿನವೇ ಪಾಲನೆಯಾಗದ ಆದೇಶವಾಗಿತ್ತು.

ಶಾಲಾ ಮಕ್ಕಳ ಸಮವಸ್ತ್ರದ ಕಥೆ ಇದರ ಸೋದರ ಕಥೆ. ಕೊಪ್ಪಳ ಜಿಲ್ಲೆಯ ವಿದ್ಯಾರ್ಥಿಯೊಬ್ಬನ ಪರವಾಗಿ ಸಲ್ಲಿಸಿದ ಅರ್ಜಿಯಲ್ಲಿ, ಶಿಕ್ಷಣ ಹಕ್ಕು ಕಾಯ್ದೆಯಡಿ ಸರ್ಕಾರಿ ಶಾಲೆಯ ಮಕ್ಕಳಿಗೆ ಎರಡು ಜೊತೆ ಸಮವಸ್ತ್ರ, ಶೂ, ಕಾಲುಚೀಲ ಕೊಡಬೇಕೆಂದು ಹೈಕೋರ್ಟ್ 2019ರಲ್ಲೇ ಹೇಳಿತು. ಪಾಲನೆಯಾಗಲಿಲ್ಲವೆಂಬ ನಿಂದನಾ ಅರ್ಜಿ 2023ರ ಹೊತ್ತಿಗೂ ವಿಚಾರಣೆಯಲ್ಲಿತ್ತು. ಆದೇಶ ಬಂದಾಗ ಆರನೇ ತರಗತಿಯಲ್ಲಿದ್ದ ಮಗು ಅಷ್ಟರಲ್ಲಿ ಹತ್ತನೇ ತರಗತಿಗೆ ಬಂದಿರುತ್ತದೆ. ದೊಡ್ಡವರ ಭೂವ್ಯಾಜ್ಯಕ್ಕೆ ನಾಲ್ಕು ವರ್ಷ ಏನೂ ಅಲ್ಲ. ಮಗುವಿನ ಸಮವಸ್ತ್ರಕ್ಕೆ ಅದು ಇಡೀ ಪ್ರೌಢಶಾಲೆ.

ದಿನಗೂಲಿ ನೌಕರರ ವಿಷಯದಲ್ಲೂ ಇದೇ ಪಾಡು. ದೇಶದಾದ್ಯಂತ ಉಲ್ಲೇಖವಾಗುವ ಉಮಾದೇವಿ ಪ್ರಕರಣ ಕರ್ನಾಟಕ ಸರ್ಕಾರದ್ದೇ. 2006ರ ಏಪ್ರಿಲ್ 10ರ ಆ ತೀರ್ಪು ಹಿಂಬಾಗಿಲ ನೇಮಕಾತಿಗೆ ಬೀಗ ಹಾಕಿತು, ನಿಜ. ಅದರಲ್ಲೇ ಇನ್ನೊಂದು ಪ್ಯಾರಾ ಇತ್ತು: ಮಂಜೂರಾದ ಹುದ್ದೆಯಲ್ಲಿ ಕೋರ್ಟಿನ ತಡೆಯಾಜ್ಞೆಯ ಬಲವಿಲ್ಲದೆ ಹತ್ತು ವರ್ಷ ದುಡಿದ ಅರ್ಹರನ್ನು ಒಂದು ಬಾರಿಯ ಕ್ರಮವಾಗಿ ಕಾಯಂ ಮಾಡುವ ಕೆಲಸವನ್ನು ಆರು ತಿಂಗಳೊಳಗೆ ಶುರು ಮಾಡಿ. ಇಲಾಖೆಗಳು ಬೀಗ ಹಾಕಿದ ಪ್ಯಾರಾವನ್ನು ಮಾತ್ರ ಚೆನ್ನಾಗಿ ಓದಿಕೊಂಡವು. 2010ರ ಆಗಸ್ಟಿನಲ್ಲಿ ಮತ್ತೆ ಕರ್ನಾಟಕದ್ದೇ ಆದ ಎಂ.ಎಲ್. ಕೇಸರಿ ಪ್ರಕರಣದಲ್ಲಿ, ಹಲವು ಇಲಾಖೆಗಳು ಆ ಒಂದು ಬಾರಿಯ ಕೆಲಸವನ್ನು ಮಾಡಿಯೇ ಇಲ್ಲ ಎಂದು ನ್ಯಾಯಮೂರ್ತಿ ಆರ್.ವಿ. ರವೀಂದ್ರನ್ ಅವರಿದ್ದ ಪೀಠ ಗುರುತಿಸಿ ಮತ್ತೆ ಆರು ತಿಂಗಳು ಕೊಡಬೇಕಾಯಿತು.

ಇಂಥ ಸಾವಿರಾರು ಪ್ರಕರಣಗಳ ನಡುವೆ ಕೋರ್ಟು ನಿಜಕ್ಕೂ ಜೈಲಿಗೆ ಕಳಿಸಿದ್ದು ಬೆರಳೆಣಿಕೆಯಷ್ಟು. ಕರ್ನಾಟಕದ ಆಡಳಿತ ವಲಯ ಇಂದಿಗೂ ಮರೆಯದ ಹೆಸರು ಜೆ. ವಾಸುದೇವನ್. ವಸತಿ ಮತ್ತು ನಗರಾಭಿವೃದ್ಧಿ ಇಲಾಖೆಯ ಕಾರ್ಯದರ್ಶಿಯಾಗಿದ್ದ ಈ ಐಎಎಸ್ ಅಧಿಕಾರಿಗೆ 1995ರಲ್ಲಿ ಸುಪ್ರೀಂ ಕೋರ್ಟ್ ಒಂದು ತಿಂಗಳ ಸಜೆ ವಿಧಿಸಿತು. ಟಿ.ಆರ್. ಧನಂಜಯ ಎಂಬ ಎಂಜಿನಿಯರ್ ಅವರ ಸೇವಾ ವಿಷಯದ ಆದೇಶ ಪಾಲನೆಯಾಗದ್ದು ಕಾರಣ. ಹಗರಣವಲ್ಲ, ಲಂಚವಲ್ಲ, ಒಬ್ಬ ನೌಕರನ ಕಡತ. ಹಾಲಿ ಕಾರ್ಯದರ್ಶಿಯೊಬ್ಬರು ಅಂಥ ಕಡತಕ್ಕಾಗಿ ಜೈಲು ಸೇರಬಹುದು ಎಂಬುದು ಆವರೆಗೆ ಯಾರ ಊಹೆಯಲ್ಲೂ ಇರಲಿಲ್ಲ. ಕಡತದ ಮೇಲೆ ಸಹಿ ಮಾಡುವವರು ಹತ್ತು ಜನ, ತೀರ್ಮಾನ ಮಾಡುವವರು ಮಂತ್ರಿ, ಕಟಕಟೆಯಲ್ಲಿ ನಿಲ್ಲುವವರು ಒಬ್ಬರೇ ಎಂಬ ಅಸಮಾಧಾನಕ್ಕೆ ಅರ್ಥವಿಲ್ಲದಿಲ್ಲ. ಮಂತ್ರಿಗಳು ಸಿಕ್ಕಿಬಿದ್ದದ್ದೂ ಉಂಟು, ಆದರೆ ಅಪರೂಪ. 1994ರ ಅಕ್ಟೋಬರ್ 24ರಂದು ಅಯೋಧ್ಯೆ ವಿಚಾರದಲ್ಲಿ ಉತ್ತರ ಪ್ರದೇಶದ ಮಾಜಿ ಮುಖ್ಯಮಂತ್ರಿ ಕಲ್ಯಾಣ್ ಸಿಂಗ್ ಅವರಿಗೆ ಸಾಂಕೇತಿಕವಾಗಿ ಒಂದು ದಿನದ ಸಜೆ, 2,000 ರೂಪಾಯಿ ದಂಡ. 2006ರಲ್ಲಿ ನೆರೆಯ ಮಹಾರಾಷ್ಟ್ರದ ಮಂತ್ರಿ ಸ್ವರೂಪ್ ಸಿಂಗ್ ನಾಯಕ್ ಅವರಿಗೆ ಮರದ ಮಿಲ್ಲುಗಳ ವಿಷಯದಲ್ಲಿ ಒಂದು ತಿಂಗಳು. ಅವರ ಜೊತೆ ಅರಣ್ಯ ಇಲಾಖೆಯ ಹಿರಿಯ ಅಧಿಕಾರಿಗೂ ಅಷ್ಟೇ.

ಇನ್ನು ಕಾವೇರಿ. ಇಲ್ಲಿ ಸರ್ಕಾರ ಆದೇಶವನ್ನು ಮರೆಯಲಿಲ್ಲ. ಎದುರು ನಿಂತಿತು, ಮತ್ತು ಎದುರು ನಿಂತದ್ದಕ್ಕೆ ಚಪ್ಪಾಳೆ ಗಿಟ್ಟಿಸಿತು. 1991ರ ಜೂನ್ 25ರಂದು ಕಾವೇರಿ ನ್ಯಾಯಮಂಡಳಿ ತಮಿಳುನಾಡಿಗೆ ವರ್ಷಕ್ಕೆ 205 ಟಿಎಂಸಿ ನೀರು ಬಿಡಬೇಕೆಂದು ಮಧ್ಯಂತರ ಆದೇಶ ಕೊಟ್ಟಾಗ ಮುಖ್ಯಮಂತ್ರಿ ಎಸ್. ಬಂಗಾರಪ್ಪ ಒಂದು ತಿಂಗಳಲ್ಲೇ ಸುಗ್ರೀವಾಜ್ಞೆ ತಂದು ರಾಜ್ಯದ ಅಣೆಕಟ್ಟುಗಳ ಮೇಲೆ ಆದೇಶದ ನೆರಳು ಬೀಳದಂತೆ ಮಾಡಲು ನೋಡಿದರು. ನವೆಂಬರ್ 22ರಂದು ಸುಪ್ರೀಂ ಕೋರ್ಟ್ ಅದು ಸಂವಿಧಾನಬಾಹಿರ ಎಂದಿತು. ಡಿಸೆಂಬರಿನಲ್ಲಿ ಆದೇಶ ಗೆಜೆಟ್‌ನಲ್ಲಿ ಪ್ರಕಟವಾದ ಬೆನ್ನಿಗೆ ಬೆಂಗಳೂರು ಹೊತ್ತಿ ಉರಿಯಿತು. ಪೆಟ್ಟು ತಿಂದವರು ಆದೇಶಕ್ಕೂ ಅಣೆಕಟ್ಟಿಗೂ ಸಂಬಂಧವಿಲ್ಲದ ತಮಿಳು ಕೂಲಿಕಾರರು.

2002ರಲ್ಲಿ ಎಸ್.ಎಂ. ಕೃಷ್ಣ ಅವರ ಸರದಿ. ಮಳೆ ಕೈಕೊಟ್ಟ ವರ್ಷ, ಕಬಿನಿ ಜಲಾಶಯಕ್ಕೆ ರೈತನೊಬ್ಬ ಹಾರಿ ಪ್ರಾಣ ಬಿಟ್ಟ ಮೇಲೆ ನೀರು ನಿಂತಿತು. ಮುಖ್ಯಮಂತ್ರಿ ಅಕ್ಟೋಬರಿನಲ್ಲಿ ಮಂಡ್ಯದ ಕಡೆಗೆ ಪಾದಯಾತ್ರೆ ಹೊರಟರು. ತಮಿಳುನಾಡು ನಿಂದನಾ ಅರ್ಜಿ ಹಾಕಿತು. ಕೊನೆಗೆ ಕೃಷ್ಣ ಸುಪ್ರೀಂ ಕೋರ್ಟಿನ ಮುಂದೆ ಬೇಷರತ್ ಕ್ಷಮೆ ಕೇಳಿದರು, ನೀರೂ ಹರಿಯಿತು. ಬೀದಿಯಲ್ಲಿ ಒಂದು ಮುಖ, ಕೋರ್ಟಿನಲ್ಲಿ ಇನ್ನೊಂದು ಮುಖ ಎಂದು ಹಂಗಿಸುವುದು ಸುಲಭ. ಆದರೆ ಎರಡೂ ಕಡೆ ತಾನು ಮಾಡಬೇಕಾದ್ದನ್ನು ಮಾಡಿದ ಮುಖ್ಯಮಂತ್ರಿ ಎಂದೂ ನೋಡಬಹುದು.

2016 ಇನ್ನಷ್ಟು ಬಿಗಿಯಾದ ಆಟ. ಸೆಪ್ಟೆಂಬರ್ 5ರಂದು ದಿನಕ್ಕೆ 15,000 ಕ್ಯುಸೆಕ್ ಎಂಬ ಆದೇಶ, 12ರಂದು 12,000ಕ್ಕೆ ಇಳಿಕೆ, ಅದೇ ದಿನ ಬೆಂಗಳೂರಿನಲ್ಲಿ ಬಸ್ಸು ಲಾರಿಗಳಿಗೆ ಬೆಂಕಿ. 20ರಂದು 6,000 ಕ್ಯುಸೆಕ್ ಎಂದಿತು ಕೋರ್ಟು. 23ರಂದು ವಿಧಾನಮಂಡಲದ ವಿಶೇಷ ಅಧಿವೇಶನ ಸೇರಿ, ಇರುವ ನೀರು ಕುಡಿಯುವುದಕ್ಕೆ ಮಾತ್ರ ಎಂದು ನಿರ್ಣಯ ಮಾಡಿತು. ಸರ್ಕಾರ ಕೋರ್ಟಿಗೆ ಹೇಳಿದ್ದು ಇಷ್ಟೇ: ನಾವು ಸದನಕ್ಕೆ ಕಟ್ಟುಬಿದ್ದಿದ್ದೇವೆ. ಸೆಪ್ಟೆಂಬರ್ 30ರಂದು ರಾಜ್ಯದ ಪರ ಹಿರಿಯ ವಕೀಲ ಫಾಲಿ ನಾರಿಮನ್, ಆದೇಶ ಪಾಲಿಸುವವರೆಗೆ ತಾವು ವಾದಿಸುವುದಿಲ್ಲ ಎಂದುಬಿಟ್ಟರು. ದಶಕಗಳ ಕಾಲ ಕರ್ನಾಟಕಕ್ಕಾಗಿ ಕಾವೇರಿ ವಾದಿಸಿದವರ ಆ ನಡೆ, ಕೋರ್ಟಿನ ಎಚ್ಚರಿಕೆಗಿಂತ ಹೆಚ್ಚು ನಾಟಿತು. ಅಕ್ಟೋಬರ್ 3ರಂದು ಸದನ ಮತ್ತೆ ಸೇರಿ ನಮ್ಮ ರೈತರ ಬೆಳೆಗೆ ನೀರು ಬಿಡಲು ಅವಕಾಶ ಕೊಡುವ ಇನ್ನೊಂದು ನಿರ್ಣಯ ಮಾಡಿತು. ಆ ನೀರಿನ ಜೊತೆಗೇ ತಮಿಳುನಾಡಿನ ನೀರೂ ಕದ ತೆರೆದು ಹೋಯಿತು. ಮಾನವೂ ಉಳಿಯಿತು, ಆದೇಶವೂ ಉಳಿಯಿತು. ಕೊನೆಗೆ 2018ರ ಫೆಬ್ರುವರಿ 16ರ ತೀರ್ಪಿನಲ್ಲಿ ತಮಿಳುನಾಡಿಗೆ ಬಿಡಬೇಕಾದ ನೀರು 192ರಿಂದ 177.25 ಟಿಎಂಸಿಗೆ ಇಳಿದದ್ದು ಬೀದಿಯಲ್ಲಲ್ಲ, ಕೋರ್ಟಿನಲ್ಲೇ. ಈ ಪ್ರಕರಣದಲ್ಲಿ ನಿಂದನಾ ಅರ್ಜಿ ಎದುರಿಸಿದ ಕೊನೆಯ ಪಕ್ಷ ಕರ್ನಾಟಕವಲ್ಲ ಎಂಬುದನ್ನೂ ಸೇರಿಸಬೇಕು: ನೀರು ನಿರ್ವಹಣೆಯ ಸ್ಕೀಮು ರೂಪಿಸಲು ತಡ ಮಾಡಿದ್ದಕ್ಕೆ 2018ರಲ್ಲಿ ಕೇಂದ್ರ ಸರ್ಕಾರದ ಮೇಲೆಯೇ ತಮಿಳುನಾಡು ಅರ್ಜಿ ಹಾಕಿತ್ತು.

ಮಲಪ್ರಭೆಯ ಸೀಮೆಯವರಿಗೆ ಹತ್ತಿರದ ನದಿ ಮಹದಾಯಿ. ನವಿಲುತೀರ್ಥದ ಅಣೆಕಟ್ಟು ಇರುವುದು ಸವದತ್ತಿ ತಾಲ್ಲೂಕಿನಲ್ಲೇ. ಕಳಸಾ–ಬಂಡೂರಿ ನಾಲೆಗಳ ನೀರು ಬಂದು ಸೇರಬೇಕಿರುವುದು ಅದಕ್ಕೆ. 2018ರ ಆಗಸ್ಟ್ 14ರ ನ್ಯಾಯಮಂಡಳಿ ತೀರ್ಪು ಕರ್ನಾಟಕಕ್ಕೆ 13.42 ಟಿಎಂಸಿ ಕೊಟ್ಟಿತು. ಅದರಲ್ಲಿ ಮಲಪ್ರಭೆಗೆ ತಿರುಗಿಸಲು ಸಿಕ್ಕಿದ್ದು 3.9. ತೀರ್ಪು 2020ರ ಫೆಬ್ರುವರಿಯಲ್ಲಿ ಗೆಜೆಟ್ ಸೇರಿತು, ಅದೇ ವರ್ಷ ಅಕ್ಟೋಬರಿನಲ್ಲಿ ಗೋವಾ ಸುಪ್ರೀಂ ಕೋರ್ಟಿನಲ್ಲಿ ಕರ್ನಾಟಕದ ಮೇಲೆ ನಿಂದನಾ ಅರ್ಜಿ ಹಾಕಿತು, ಅಕ್ರಮವಾಗಿ ನೀರು ತಿರುಗಿಸಲಾಗುತ್ತಿದೆ ಎಂದು. ಕಣಕುಂಬಿಯ ಕಳಸಾ ನಾಲೆ ಕಾಮಗಾರಿಯ ಬಗ್ಗೆ ಇಲ್ಲಿನವರಿಗೆ ಇರುವ ದೂರು ಇದಕ್ಕೆ ತೀರಾ ಉಲ್ಟಾ: ನೀರು ತಿರುಗುತ್ತಲೇ ಇಲ್ಲ ಎಂದು.

ಆದೇಶ ಒಪ್ಪಿಗೆಯಾಗದಿದ್ದರೆ ಸರ್ಕಾರಕ್ಕೆ ಧಿಕ್ಕಾರವೊಂದೇ ದಾರಿಯಲ್ಲ. 2017ರ ಫೆಬ್ರುವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, ಮೀಸಲಾತಿಯಡಿ ಬಡ್ತಿ ಪಡೆದವರಿಗೆ ಜ್ಯೇಷ್ಠತೆ ಕೊಡುವ ಕರ್ನಾಟಕದ 2002ರ ಕಾಯ್ದೆಯನ್ನು ರದ್ದುಪಡಿಸಿ ಮೂರು ತಿಂಗಳಲ್ಲಿ ಪಟ್ಟಿ ಪರಿಷ್ಕರಿಸಲು ಹೇಳಿತು. ಗಡುವು ಮೀರಿತು, ನಿಂದನಾ ಅರ್ಜಿಗಳು ಬಂದವು. ಇತ್ತ ಸರ್ಕಾರ ರತ್ನಪ್ರಭಾ ಸಮಿತಿಯಿಂದ ಅಂಕಿಅಂಶ ಕಲೆಹಾಕಿಸಿತು, ಹೊಸ ಕಾಯ್ದೆ ಮಾಡಿತು, 2018ರ ಜೂನ್‌ನಲ್ಲಿ ರಾಷ್ಟ್ರಪತಿಗಳ ಅಂಕಿತ ಸಿಕ್ಕಿತು. 2019ರ ಮೇ 10ರಂದು ಅದೇ ಸುಪ್ರೀಂ ಕೋರ್ಟ್ ಈ ಹೊಸ ಕಾಯ್ದೆಯನ್ನು ಎತ್ತಿಹಿಡಿಯಿತು. ತೀರ್ಪು ತೋರಿಸಿದ ಕೊರತೆಯನ್ನು ತುಂಬಿ ಶಾಸನ ಮಾಡಿದರೆ ಅದು ನಿಂದನೆಯಲ್ಲ. ತೀರ್ಪೇ ಇಲ್ಲ ಎಂಬಂತೆ ಶಾಸನ ಮಾಡಿದರೆ 1991ರ ಸುಗ್ರೀವಾಜ್ಞೆಯ ಗತಿ.

ಬೇರೆ ದೇಶಗಳಲ್ಲೂ ಈ ಗೆರೆ ಎಳೆಯುವುದು ಸುಲಭವಾಗಿಲ್ಲ. ಇಂಗ್ಲೆಂಡಿನಲ್ಲಿ ಮಂತ್ರಿಯೊಬ್ಬರು ತಮ್ಮ ಹುದ್ದೆಯ ಕೆಲಸದಲ್ಲೂ ಕೋರ್ಟಿಗೆ ಉತ್ತರಿಸಬೇಕು ಎಂದು ಸ್ಪಷ್ಟವಾದದ್ದೇ 1993ರಲ್ಲಿ, ಜೈರ್ ದೇಶದ ನಿರಾಶ್ರಿತನೊಬ್ಬನನ್ನು ಕೋರ್ಟಿನ ಆದೇಶ ಮೀರಿ ವಾಪಸು ಕಳಿಸಿದ ಪ್ರಕರಣದಲ್ಲಿ. ದಕ್ಷಿಣ ಆಫ್ರಿಕಾದಲ್ಲಿ 2021ರಲ್ಲಿ ಮಾಜಿ ಅಧ್ಯಕ್ಷ ಜೇಕಬ್ ಜುಮಾ ಅವರಿಗೆ 15 ತಿಂಗಳ ಸಜೆ ವಿಧಿಸಿದಾಗ ನಡೆದ ಗಲಭೆಯಲ್ಲಿ 300ಕ್ಕೂ ಹೆಚ್ಚು ಜನ ಸತ್ತರು.

ಕೋರ್ಟುಗಳ ಕಡೆಯ ತಪ್ಪನ್ನೂ ಬಿಡುವಂತಿಲ್ಲ. ಕಾರ್ಯದರ್ಶಿಯನ್ನು ಕರೆಸಿ ಇಡೀ ದಿನ ಬೆಂಚಿನ ಮೇಲೆ ಕೂರಿಸುವುದು, ಉಡುಪಿನ ಬಗ್ಗೆ ಟೀಕಿಸುವುದು, ಇವು ಪಾಲನೆಗಿಂತ ಗತ್ತಿಗೇ ಹೆಚ್ಚು ಸಲ್ಲುತ್ತವೆ. 2023ರಲ್ಲಿ ನಿವೃತ್ತ ನ್ಯಾಯಮೂರ್ತಿಗಳ ಸೌಲಭ್ಯದ ಪ್ರಕರಣವೊಂದರಲ್ಲಿ ಅಲಹಾಬಾದ್ ಹೈಕೋರ್ಟ್ ಉತ್ತರ ಪ್ರದೇಶದ ಹಣಕಾಸು ಇಲಾಖೆಯ ಅಧಿಕಾರಿಗಳನ್ನು ವಶಕ್ಕೇ ಪಡೆಯಿತು. 2024ರ ಜನವರಿ 3ರಂದು ಸುಪ್ರೀಂ ಕೋರ್ಟಿನ ಅಂದಿನ ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರ ಪೀಠ ಅದನ್ನು ರದ್ದು ಮಾಡಿ, ಅಧಿಕಾರಿಗಳನ್ನು ಕರೆಸಲು ನಿಯಮಾವಳಿಯನ್ನೇ ಬರೆಯಿತು: ಮೊದಲು ವಿಡಿಯೊ ಕಾನ್ಫರೆನ್ಸ್, ಉಡುಪಿನ ಮಾತು ಬೇಡ, ಗಡುವು ಕೊಡುವಾಗ ಆಡಳಿತದ ಕೆಲಸ ಎಷ್ಟು ಹೊತ್ತು ಹಿಡಿಯುತ್ತದೆ ಎಂಬ ಅರಿವಿರಲಿ. ಈ ಕೊನೆಯ ಮಾತು ಎಲ್ಲಕ್ಕಿಂತ ಉಪಯುಕ್ತ.

ಪೆಟ್ಟು ವೈಯಕ್ತಿಕವಾಗಿ ತಗುಲಿದಾಗ ಫಲ ಬೇರೆ. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಆಂಧ್ರದ ಡೆಪ್ಯುಟಿ ಕಲೆಕ್ಟರ್ ಒಬ್ಬರನ್ನು ತಹಶೀಲ್ದಾರ್ ಹುದ್ದೆಗೆ ಇಳಿಸಿತು, ಒಂದು ಲಕ್ಷ ದಂಡವನ್ನೂ ಹಾಕಿತು. ಹೈಕೋರ್ಟ್ ಬೇಡವೆಂದಿದ್ದರೂ ಗುಂಟೂರಿನಲ್ಲಿ ಗುಡಿಸಲುಗಳನ್ನು ಕೆಡವಿಸಿದ್ದು ಅವರ ತಪ್ಪು. ಜೈಲಿಗಿಂತ ಹಿಂಬಡ್ತಿ ಕಚೇರಿಗಳಲ್ಲಿ ಹೆಚ್ಚು ದಿನ ಮಾತಿಗೆ ಬರುವ ಶಿಕ್ಷೆ.

ಆದರೆ ಅಂಥದ್ದು ವಿರಳ. ಸಾಮಾನ್ಯವಾಗಿ ದಂಡ ಕಟ್ಟುವುದು ಸರ್ಕಾರ, ಅಂದರೆ ತೆರಿಗೆದಾರ. 2024ರಲ್ಲಿ ಬೆಳಗಾವಿ ಮಹಾನಗರ ಪಾಲಿಕೆ, ಸ್ವಾಧೀನವನ್ನೇ ಮಾಡಿಕೊಳ್ಳದೆ ಖಾಸಗಿ ಜಾಗದಲ್ಲಿ ಸ್ಮಾರ್ಟ್ ಸಿಟಿ ರಸ್ತೆ ಹಾಸಿದ್ದಕ್ಕೆ ಸುಮಾರು 20 ಕೋಟಿ ಪರಿಹಾರದ ಹೊರೆ ಎದುರಿಸಿತು; ಕೊನೆಗೆ ರಸ್ತೆ ಬಿಟ್ಟು ಜಾಗ ವಾಪಸು ಕೊಡಬೇಕಾಯಿತು. ರಸ್ತೆಗೆ ಸುರಿದ ಹಣವೂ ನಗರದ್ದೇ. ಜಿಲ್ಲಾ ಮತ್ತು ತಾಲ್ಲೂಕು ಪಂಚಾಯಿತಿಗಳದ್ದು ಇದಕ್ಕಿಂತ ದೊಡ್ಡ ಕಥೆ. ಅವುಗಳ ಅವಧಿ 2021ರಲ್ಲಿ ಮುಗಿಯಿತು. ಕ್ಷೇತ್ರ ಪುನರ್ವಿಂಗಡಣೆ, ಮೀಸಲಾತಿ ಪಟ್ಟಿ ಎನ್ನುತ್ತಾ ಸರ್ಕಾರ ಚುನಾವಣೆ ನಡೆಸಲು ಸಮಯದ ಮೇಲೆ ಸಮಯ ಕೇಳಿತು. 2022ರ ಡಿಸೆಂಬರಿನಲ್ಲಿ ಹೈಕೋರ್ಟ್ 5 ಲಕ್ಷ ರೂಪಾಯಿ ದಂಡ ಹಾಕಿತು. ಆಗ ಅಧಿಕಾರದಲ್ಲಿದ್ದ ಪಕ್ಷ ಮುಂದಿನ ಚುನಾವಣೆಯಲ್ಲಿ ಸೋತು ಇನ್ನೊಂದು ಪಕ್ಷ ಬಂತು. ಹೊಸ ಸರ್ಕಾರವೂ ಸಮಯ ಕೇಳಿತು. ಸವದತ್ತಿ, ರಾಮದುರ್ಗ, ಬೈಲಹೊಂಗಲದ ತಾಲ್ಲೂಕು ಪಂಚಾಯಿತಿ ಸಭಾಂಗಣಗಳಲ್ಲಿ ಆರಿಸಿಬಂದ ಸದಸ್ಯರ ಜಾಗದಲ್ಲಿ ಆಡಳಿತಾಧಿಕಾರಿ ಕುಳಿತು ನಾಲ್ಕು ವರ್ಷ ದಾಟಿತು.